ನಾಚಾರಂ ಗೇಟಿನ ದೀಪ

ಬೇಗಂ ಬಜಾರಿನ ಖಾರಪುಡಿ ಗಿರಣಿಯ ಮುಂದೆ ನಿಂತವರಿಗೆ ಮಾತಾಡುವ ಉಸಾಬರಿ ಇರುವುದಿಲ್ಲ, ಬರೀ ಸೀನುವುದೇ ಕೆಲಸ. ಮೊನ್ನೆ ಮಧ್ಯಾಹ್ನ ನಾನು ಅಲ್ಲಿ ಒಂದರ ಬೆನ್ನಿಗೆ ಒಂದು ಏಳು ಸಲ ಸೀನಿದೆ. ಗಿರಣಿಯವ ನಕ್ಕು, ಇದು ವರಂಗಲ್ ಮಾಲು ಚಾಚಾ, ಸುಮ್ಮನೆ ಬಿಡೂದಿಲ್ಲ ಅಂದ. ಒಂದು ಕಿಲೋ ಕಣ್ಣೆದುರಿಗೇ ಬೀಸಿಸಿ, ಎರಡು ಪದರ ಪ್ಲಾಸ್ಟಿಕ್ಕಿನಲ್ಲಿ ಕಟ್ಟಿಸಿದೆ. ಖಾರ ನಮ್ಮ ಮನೆಗಲ್ಲ, ಟೋಕಿಯೋಗೆ. ಸಂಜೆ ಅಕ್ಷತಾಳ ವಿಮಾನ, ಒಂದು ಕಾಲಕ್ಕೆ ನನ್ನ ಬಳಿ ಕೆಲಸ ಕಲಿತವಳು. ಶಂಶಾಬಾದಿನ ವಿಮಾನ ನಿಲ್ದಾಣಕ್ಕೆ ಬರುವಾಗ ತನ್ನಿ ಸರ್, ಆ ವಾಸನೆ ಅಲ್ಲಿ ಎಷ್ಟು ದುಡ್ಡು ಕೊಟ್ಟರೂ ಸಿಗುವುದಿಲ್ಲ ಅಂದಿದ್ದಳು.

ಹೆಗಲ ಚೀಲದಲ್ಲಿ ಇನ್ನೂ ಒಂದು ವಸ್ತು ಇತ್ತು. ಒಂದು ಹಳೆಯ ಕಾಗದದ ಲಕೋಟೆ. ನಾಲ್ಕು ದಿನದಿಂದ ಹೊತ್ತು ತಿರುಗುತ್ತಿದ್ದೆ. ಅದರ ಮೇಲೆ ನಾನು ಒಂದು ಸಾಲು ಬರೆದು ಅವಳಿಗೆ ಕೊಡಬೇಕಿತ್ತು. ಬರೆದಿರಲಿಲ್ಲ.

ಆ ಖಾರದ ಘಾಟು ಮೂಗಿಗೆ ಏರಿದ್ದೇ ತಡ, ಹನ್ನೊಂದು ವರ್ಷದ ಹಿಂದಿನ ನಾಚಾರಂ ಮಳೆಗಾಲ ಹಂಗೇ ಎದ್ದು ಬಂತು. ಆಗ ನಮ್ಮ ಸ್ಟುಡಿಯೋ ನಾಚಾರಂ ಕೈಗಾರಿಕಾ ಪ್ರದೇಶದ ಒಂದು ತಗಡಿನ ಶೆಡ್ಡಿನಲ್ಲಿ ಇತ್ತು. ಗೋಡೆಗೆ ಗೋಡೆ ಹಚ್ಚಿ ಒಂದು ಮಸಾಲೆ ಕಾರ್ಖಾನೆ. ಅವರು ಕೊತ್ತಂಬರಿ ಬೀಜ ಹುರಿದ ದಿನ ನಮಗೆ ಸುಖ. ಮೆಣಸಿನಕಾಯಿ ಬೀಸಿದ ದಿನ ಎಂಟೂ ಜನ ಕಣ್ಣೊರೆಸುತ್ತ ಪರದೆ ನೋಡುತ್ತಿದ್ದೆವು. ಅವರ ದೊಡ್ಡ ಮೋಟರು ಚಾಲೂ ಆದಾಗ ನಮ್ಮ ಕಾಲ ಕೆಳಗಿನ ನೆಲ ಒಮ್ಮೆ ಗುಡುಗಿ ಸುಮ್ಮನಾಗುತ್ತಿತ್ತು.

ನಮ್ಮ ಕೆಲಸ ಎಂಥದ್ದು ಅಂತ ನಮ್ಮ ಬಂಧು ಬಳಗಕ್ಕೆ ಇವತ್ತಿಗೂ ತಿಳಿಸಿ ಹೇಳಲಾಗಿಲ್ಲ. ಜಪಾನಿನವರು ಬೊಂಬೆಚಿತ್ರ, ಅಂದರೆ ಅನಿಮೇಷನ್, ಮಾಡುತ್ತಾರಲ್ಲ, ಅದರಲ್ಲಿ ಪಾತ್ರಗಳನ್ನು ಒಬ್ಬರು ಬಿಡಿಸುತ್ತಾರೆ, ಹಿಂದಿನ ಮನೆ ಮರ ಆಕಾಶ ಇನ್ನೊಬ್ಬರು ಬಿಡಿಸುತ್ತಾರೆ. ಅವನ್ನೆಲ್ಲ ಒಂದರ ಮೇಲೊಂದು ಕೂಡಿಸಿ, ಬೆಳಕು ಹಾಕಿ, ಮಳೆ ಮಂಜು ಸುರಿಸಿ, ಕ್ಯಾಮೆರಾ ಎಲ್ಲಿಂದ ಎಲ್ಲಿಗೆ ಸರಿಯಬೇಕು ಅಂತ ನಿರ್ಧರಿಸುವವರು ನಾವು. ಕೈಯಲ್ಲಿ ಕ್ಯಾಮೆರಾ ಇಲ್ಲ, ಬರೀ ಮೌಸು. ಆದರೂ ಇಂಥವರ ಮುಖ್ಯಸ್ಥನನ್ನು ಅವರು ಛಾಯಾಗ್ರಾಹಕ ಅಂತಲೇ ಕರೆಯುತ್ತಾರೆ.

ಆ ವರ್ಷ ಜೂನ್ ತಿಂಗಳಲ್ಲಿ ಅಂಥ ಒಬ್ಬ ಛಾಯಾಗ್ರಾಹಕರು ನಮಗೆ ಕಲಿಸಲು ಟೋಕಿಯೋದಿಂದ ಬಂದರು. ಹೆಸರು ನಿಶಿದಾ. ಅರವತ್ತರ ಸನಿಹ, ಸಣಕಲು ಮೈ, ಕೊರಳಿಗೆ ಯಾವಾಗಲೂ ಒಂದು ಟವೆಲು. ಊಟದ ಹೊತ್ತಿಗೆ ಹರಕು ಇಂಗ್ಲಿಷಿನಲ್ಲಿ ತಮ್ಮ ಕಥೆ ಹೇಳುತ್ತಿದ್ದರು. ಹದಿನೆಂಟಕ್ಕೆ ಕ್ಯಾಮೆರಾ ಕೋಣೆ ಸೇರಿದ್ದು. ಮೇಲೆ ತಲೆಕೆಳಗಾಗಿ ತೂಗುವ ಕ್ಯಾಮೆರಾ, ಕೆಳಗೆ ಮೇಜು, ಅದರ ಮೇಲೆ ಬಣ್ಣ ಬಳಿದ ಪಾರದರ್ಶಕ ಹಾಳೆ, ಹಾಳೆಯ ಮೇಲೆ ಗಾಜು ಒತ್ತಿ ಒಂದು ಚಿತ್ರ ತೆಗೆಯುವುದು, ಹಾಳೆ ಬದಲಿಸುವುದು, ಮತ್ತೆ ಒತ್ತುವುದು. ಇಪ್ಪತ್ತು ವರ್ಷ ಇದೇ. ಆಮೇಲೆ ಕಂಪ್ಯೂಟರು ಬಂದು ಜೊತೆಯವರೆಲ್ಲ ಬಿಟ್ಟು ಹೋದರು, ಇವರು ಕುಂತು ಕಲಿತರು. ನಡುವೆ ಐದು ವರ್ಷ ನಿಜವಾದ ಕ್ಯಾಮೆರಾ ಹೆಗಲಿಗೇರಿಸಿ ಮನುಷ್ಯರ ಸಿನಿಮಾನೂ ತೆಗೆದರು. ಕೊನೆಗೆ ಮತ್ತೆ ಬೊಂಬೆಚಿತ್ರಕ್ಕೇ ಬಂದರು.

ಕೇಳುತ್ತ ಕೇಳುತ್ತ ನನ್ನ ಎದೆ ಉಬ್ಬುತ್ತಿತ್ತು. ಯಾಕಂದರೆ ಆ ಮೇಜು, ಆ ಗಾಜು ನನಗೂ ಗೊತ್ತು. ಇಪ್ಪತ್ತರ ವಯಸ್ಸಿನಲ್ಲಿ ನಾರಾಯಣಗುಡದ ಒಂದು ಜಾಹೀರಾತು ಅಂಗಡಿಯಲ್ಲಿ ನಾನು ಅದೇ ಕೆಲಸ ಮಾಡಿದವ. ಸಾಬೂನು, ಚಪ್ಪಲಿ, ನೀಲಿ ಪುಡಿ. ನಮ್ಮ ಶೆಡ್ಡಿನ ಎಂಟು ಜನರಲ್ಲಿ ಆ ಹಾಳೆಯನ್ನು ಕೈಯಿಂದ ಮುಟ್ಟಿದವ ನಾನೊಬ್ಬನೇ. ಇದನ್ನು ಹೇಳಿದಾಗ ನಿಶಿದಾ ನನ್ನ ಎರಡೂ ಕೈ ಹಿಡಿದು, ಬೆರಳು ತಿರುಗಿಸಿ ನೋಡಿ, ಹಳೇ ನೆಂಟ ಸಿಕ್ಕವರ ಹಂಗೆ ನಕ್ಕರು. ಅಲ್ಲಿಂದ ಹದಿನೈದು ದಿನ ನಾನು ಆ ಶೆಡ್ಡಿಗೆ ಮದುಮಗ.

ಆ ಹದಿನೈದು ದಿನದೊಳಗೇ ಅವರು ಒಂದು ಸುದ್ದಿ ಹೇಳಿದರು. ಮಳೆಗಾಲ ಮುಗಿಯುವುದರೊಳಗೆ ಎಂಟರಲ್ಲಿ ಒಬ್ಬರನ್ನು ಆರಿಸಿ ತಮ್ಮ ಟೋಕಿಯೋ ಕೋಣೆಗೆ ಎರಡು ವರ್ಷಕ್ಕೆ ಕರೆದುಕೊಂಡು ಹೋಗುತ್ತಾರೆ. ಯಾರು ಅಂತ ಯಾರೂ ಕೇಳಲಿಲ್ಲ, ನಾನೇ ಅಂತ ಎಲ್ಲರೂ ಹಿಡಿದಿದ್ದರು. ನಲವತ್ತರ ಹೊಸ್ತಿಲಲ್ಲಿದ್ದ ನನಗೆ ಇಂಥದ್ದು ಇನ್ನೊಮ್ಮೆ ಬರುವುದಿಲ್ಲ ಅನ್ನುವುದು ಎಲ್ಲರಿಗೂ ಗೊತ್ತಿತ್ತು. ಮನೆಯಲ್ಲಿ ನನ್ನ ಹೆಂಡತಿ ಸುನಂದಾ ಪೆಟ್ಟಿಗೆಯ ತಳದಿಂದ ಉಣ್ಣೆಯ ಸ್ವೆಟರು ತೆಗೆದು ಬಿಸಿಲು ಬಿದ್ದ ದಿನ ಬಾಲ್ಕನಿಯಲ್ಲಿ ಒಣ ಹಾಕಿದಳು. ನಾನು ಅಬಿಡ್ಸಿನ ಫುಟ್‌ಪಾತಿನಲ್ಲಿ ಜಪಾನಿ ಮಾತು ಕಲಿಸುವ ಒಂದು ಪುಸ್ತಕ ಕೊಂಡೆ.

ಅಕ್ಷತಾ ಪುತ್ತೂರಿನ ಹುಡುಗಿ. ಹಿಂದಿನ ವರ್ಷ ಬಂದು ಸೇರಿದ್ದಳು. ಶೆಡ್ಡಿನಲ್ಲಿ ಕನ್ನಡ ಮಾತಾಡುವವರು ನಾವಿಬ್ಬರೇ. ನನ್ನ ಕನ್ನಡವೋ ಶಾಲೆಯದಲ್ಲ. ಹುಮನಾಬಾದಿನಿಂದ ಬಂದ ನಮ್ಮ ಆಯಿ ಮತ್ತು ಆಕೆಯ ತಂಗಿ ಕಾಚಿಗುಡದ ಮನೆಯ ಕಟ್ಟೆಗೆ ಕೂತು ಮಾತಾಡಿದ್ದನ್ನು ಕೇಳಿ ಕಲಿತದ್ದು. ಅವಳ ಕನ್ನಡ ಪುಸ್ತಕ ಓದಿದ ಹಂಗೆ. ನನ್ನ ಮಾತಿಗೆ ಅವಳು ನಗುವುದು, ಅವಳ ಮಾತಿಗೆ ನಾನು ನಗುವುದು, ಹಂಗೇ ಕೆಲಸ ಕಲಿಸಿದೆ. ಹಿಂದೆ ದೀಪ ಉರಿಯುವುದನ್ನು ತೋರಿಸಬೇಕಾದರೆ ಕಪ್ಪು ಕಾಗದದಲ್ಲಿ ತೂತು ಕೊರೆದು ಮೇಜಿನ ಕೆಳಗಿನಿಂದ ಬೆಳಕು ಬಿಡುತ್ತಿದ್ದೆವು, ಈಗ ಒಂದು ಗುಂಡಿ ಒತ್ತಿದರೆ ಸಾಕು, ಆದರೂ ಬೆಳಕು ಕೆಳಗಿನಿಂದ ಹುಟ್ಟಿದ ಹಂಗಿರಬೇಕು, ಮೇಲೆ ಅಂಟಿಸಿದ ಹಂಗಲ್ಲ ಅಂತ ನಾನು ಹೇಳಿದ್ದನ್ನು ಅವಳು ನೋಟುಬುಕ್ಕಿನಲ್ಲಿ ಬರೆದುಕೊಂಡಳು. ಆಗ ಅವಳು ಬರೆದುಕೊಂಡದ್ದು ನನಗೆ ಭಾಳ ಛಲೋ ಅನಿಸಿತ್ತು.

ಜುಲೈ ತಿಂಗಳ ಒಂದು ಸಂಜೆ, ಆರು ಗಂಟೆ ಇರಬೇಕು, ಮಳೆ ಹಿಡಿದಿತ್ತು. ನಿಶಿದಾ ನಮ್ಮನ್ನೆಲ್ಲ ಫೋನು ಒಳಗಿಡಿಸಿ, ಕೊಡೆ ಹಿಡಿಸಿ ಗೇಟಿನ ಬಳಿ ನಿಲ್ಲಿಸಿದರು. ಅರ್ಧ ಗಂಟೆ. ನಡುವೆ ಪಕ್ಕದ ಮಸಾಲೆಯವರ ಮೋಟರು ಚಾಲೂ ಆಗಿ ನೆಲ ಗುಡುಗಿತು. ಒಳಗೆ ಬಂದ ಮೇಲೆ ಒಬ್ಬೊಬ್ಬರನ್ನೇ ಏನು ಕಂಡಿರಿ ಅಂತ ಕೇಳಿದರು. ನಾನು ಮಳೆ ಮೂರು ಪದರ ಇತ್ತು ಅಂದೆ. ಹತ್ತಿರದ್ದು ಜೋರು, ನಡುವಿನದು ಸಾಧಾರಣ, ದೂರದ್ದು ನಿಧಾನ. ಅವರು ತಲೆ ಆಡಿಸಿದರು. ಅಕ್ಷತಾಳ ಸರದಿ ಬಂದಾಗ ಅವಳು, ನಾನು ಮಳೆ ನೋಡಲೇ ಇಲ್ಲ, ಗೇಟಿನ ದೀಪವನ್ನೇ ನೋಡುತ್ತಿದ್ದೆ, ದೀಪದ ಹತ್ತಿರ ಮಾತ್ರ ಮಳೆ ಕಾಣುತ್ತದೆ, ಬಾಕಿ ಕಡೆ ಬರೀ ಸದ್ದು ಅಂದಳು. ನಿಶಿದಾ ಜೇಬಿನಿಂದ ಸಣ್ಣ ನೋಟುಬುಕ್ಕು ತೆಗೆದು ಅದನ್ನು ಬರೆದುಕೊಂಡರು.

ನನ್ನ ಮೂರು ಪದರ ಬರೆದುಕೊಳ್ಳಲಿಲ್ಲ. ಗೊತ್ತಿದ್ದದ್ದನ್ನು ಯಾರು ಬರೆದುಕೊಳ್ಳುತ್ತಾರೆ? ಅಷ್ಟೇ ನೋಡ್ರಿ ಆದದ್ದು. ಒಂದು ಸಣ್ಣ ನೋಟುಬುಕ್ಕು, ಅದರಲ್ಲಿ ನಾಲ್ಕು ಗೀಟು.

ಆವತ್ತಿನಿಂದ ನನಗೆ ಅವಳದ್ದೆಲ್ಲ ಕಣ್ಣಿಗೆ ಬೀಳತೊಡಗಿತು. ಅವಳ ಡಬ್ಬಿಯ ನೀರುದೋಸೆಯನ್ನು ನಿಶಿದಾ ಎರಡು ಸಲ ಕೇಳಿ ತಿಂದದ್ದು. ಅವರು ಹಾದು ಹೋಗುವಾಗ ಯಾರ ಕುರ್ಚಿಯ ಹಿಂದೆ ಎಷ್ಟು ಹೊತ್ತು ನಿಲ್ಲುತ್ತಾರೆ ಅನ್ನುವುದು. ನನ್ನ ಪರದೆಯ ಮೂಲೆಯಲ್ಲಿ ಅವಳ ಪರದೆಯ ನೆರಳು ಬೀಳುತ್ತಿತ್ತು. ನಾನು ನನ್ನ ಕೆಲಸಕ್ಕಿಂತ ಆ ನೆರಳನ್ನೇ ಹೆಚ್ಚು ನೋಡಿದೆ. ಅವಳು ಏನಾದರೂ ಕೇಳಲು ಬಂದರೆ ಅರ್ಧ ಹೇಳಿ ಅರ್ಧ ಉಳಿಸಿಕೊಳ್ಳುತ್ತಿದ್ದೆ. ಮನೆಗೆ ಬಂದು ಉಣ್ಣುವಾಗಲೂ ಅದೇ ಮಾತು. ಒಂದು ದಿನ ಸುನಂದಾ ರೊಟ್ಟಿ ಬಡಿಯುತ್ತ, ತಿರುಗಿ ನೋಡದೆ ಅಂದಳು.

"ದಿನಾ ಆ ಹುಡುಗಿ ಹೆಸರು ಹೇಳ್ತೀರಿ. ಅದರಾಗ ಒಂದರೆ ಛಲೋ ಮಾತು ಐತೇನ್ರಿ?"

ನಾನು ಪಲ್ಯಕ್ಕೆ ಉಪ್ಪು ಕಮ್ಮಿ ಆಗಿದೆ ಅಂದೆ.

ಆಗಸ್ಟಿನಲ್ಲಿ ಪರೀಕ್ಷೆ. ಎಂಟೂ ಜನರಿಗೆ ಒಂದೇ ದೃಶ್ಯ. ಬಸ್ ಸ್ಟಾಪಿನ ತಗಡಿನ ಮಾಡಿನ ಕೆಳಗೆ ಒಬ್ಬ ಮುದುಕಿ ಕೂತಿದ್ದಾಳೆ, ಸಂಜೆ, ಮಳೆ, ಎದುರಿಗೆ ಒಂದು ಬೀದಿದೀಪ. ಒಂಬತ್ತು ಸೆಕೆಂಡು. ಚಿತ್ರ ಎಲ್ಲರಿಗೂ ಅದೇ. ಬೆಳಕು, ಮಳೆ, ಕ್ಯಾಮೆರಾದ ನಡೆ ಮಾತ್ರ ಅವರವರದು.

ಇಲ್ಲಿ ನಿಶಿದಾ ಅವರ ಕೋಣೆಯ ಒಂದು ಪದ್ಧತಿ ಹೇಳಬೇಕು. ಅವರಲ್ಲಿ ಪ್ರತಿ ದೃಶ್ಯಕ್ಕೂ ಒಂದು ಕಾಗದದ ಲಕೋಟೆ. ಎಲ್ಲ ಕಂಪ್ಯೂಟರಿನಲ್ಲಿದ್ದರೂ ಆ ಲಕೋಟೆ ಬೇಕೇ ಬೇಕು. ಅದರ ಮೇಲೆ ಎರಡು ಕಾಲಂ. ಒಂದು, ತೆಗೆದವರು. ಇನ್ನೊಂದು, ನೋಡಿದವರು. ತನ್ನ ಕೆಲಸವನ್ನು ತಾನೇ ಪಾಸು ಮಾಡುವಂತಿಲ್ಲ. ತನ್ನ ತಪ್ಪು ಹುಡುಕಲು ಯಾರ ಕಣ್ಣು ಬೇಕು ಅಂತ ತೆಗೆದವರೇ ಆರಿಸಿಕೊಳ್ಳಬೇಕು. ನೋಡಿದವರು ತಪ್ಪು ಕಂಡರೆ ಕೆಂಪು ಪೆನ್ಸಿಲಿನಲ್ಲಿ ಬರೆಯಬೇಕು, ಕಾಣದಿದ್ದರೆ ಜಾಗ ಖಾಲಿ ಬಿಟ್ಟು ಸಹಿ ಹಾಕಬೇಕು.

ಕೋಣೆಯಲ್ಲಿ ಚೂಪಾದ ಕಣ್ಣು ಅಕ್ಷತಾಳದು ಅಂತ ನನಗೆ ಚೆನ್ನಾಗಿ ಗೊತ್ತಿತ್ತು. ಆದರೆ ನನ್ನ ಲಕೋಟೆಯ ಮೇಲೆ ಅವಳ ಹೆಸರು ಬರೆದರೆ, ನಿಶಿದಾ ಅದನ್ನು ಓದಿದರೆ, ಶರಣಪ್ಪ ಅನ್ನುವ ನಾನೇ ಅವಳನ್ನು ಒಪ್ಪಿಕೊಂಡೆ ಅಂತ ಆಗುತ್ತದಲ್ಲ. ನಾನು ಎಂಟು ಜನರಲ್ಲಿ ಇನ್ನೊಬ್ಬನಾದ ನರೇಶನ ಹೆಸರು ಬರೆದೆ. ನರೇಶ ಭಾಳ ಒಳ್ಳೆಯ ಮನುಷ್ಯ, ತಪ್ಪು ಹುಡುಕುವುದು ಅವನ ಜಾಯಮಾನದಲ್ಲೇ ಇಲ್ಲ. ನನ್ನ ಒಂಬತ್ತು ಸೆಕೆಂಡನ್ನು ಒಂದು ಸಲ ನೋಡಿ, "ಸೂಪರ್ ಅನ್ನಾ" ಅಂತ ಸಹಿ ಹಾಕಿ ಚಹಾಕ್ಕೆ ಹೋದ.

ಅಕ್ಷತಾ ತನ್ನ ಲಕೋಟೆ ತಂದು ನನ್ನ ಮೇಜಿನ ಮೇಲೆ ಇಟ್ಟಳು. ನೋಡಿದವರು ಅನ್ನುವಲ್ಲಿ ನನ್ನ ಹೆಸರು ಬರೆದಿದ್ದಳು. "ನೀವೇ ನೋಡ್ಬೇಕು ಸರ್. ಬೇರೆಯವ್ರು ನೋಡಿದ್ರೆ ನಂಗೆ ಧೈರ್ಯ ಇಲ್ಲ."

ಅವಳು ಹೋದ ಮೇಲೆ ಬಿಚ್ಚಿ ನೋಡಿದೆ. ಮಳೆಯನ್ನು ಎಲ್ಲ ಕಡೆ ಸುರಿಸಿರಲಿಲ್ಲ, ದೀಪದ ಸುತ್ತ ಮಾತ್ರ. ಮುದುಕಿಯ ಮುಖದ ಮೇಲೆ ಬಿದ್ದ ಬೆಳಕು ಕೆಳಗಿನಿಂದ ಹುಟ್ಟಿದ ಹಂಗಿತ್ತು. ನಾನು ಕಲಿಸಿದ್ದೇ. ನಾನು ಆಗಲೇ ಮರೆತಿದ್ದೆ. ಅಷ್ಟರಲ್ಲಿ ಐದನೆಯ ಸೆಕೆಂಡಿಗೆ ದೀಪ ಸೊರಗಿತು. ಮುದುಕಿಯ ಮುಖ ಕತ್ತಲಾಗಿ, ಮತ್ತೆ ಬೆಳಕು ಬಂತು. ಮತ್ತೊಮ್ಮೆ ಸೊರಗಿ ಹತ್ತಿತು. ಹಿಂದೆ ಮುಂದೆ ಓಡಿಸಿ ನೋಡಿದೆ. ತಪ್ಪು. ಬೆಳಕಿನ ಪದರ ಅಲ್ಲಿ ಎರಡು ಕಡೆ ಕೈ ಬಿಟ್ಟು ಹೋಗಿದೆ, ಅವಸರದಲ್ಲಿ ನೋಡಿಲ್ಲ. ಜಪಾನಿನ ಬೀದಿಯಲ್ಲಿ ದೀಪ ಎಲ್ಲಾದರೂ ಹಂಗೆ ಸೊರಗುತ್ತದೇನು?

ಕೆಂಪು ಪೆನ್ಸಿಲು ಕೈಯಲ್ಲೇ ಇತ್ತು. ಒಂದು ಸಾಲು ಬರೆದಿದ್ದರೆ ಹತ್ತು ನಿಮಿಷದಲ್ಲಿ ಸರಿ ಮಾಡುತ್ತಿದ್ದಳು. ಅವಳ ಕುರ್ಚಿಯ ಕಡೆ ನೋಡಿದೆ. ನನಗೆ ಬೆನ್ನು ಮಾಡಿ ಕೂತಿದ್ದಳು, ಬೆನ್ನಿನಿಂದಲೇ ಕಾಯುತ್ತಿದ್ದಾಳೆ ಅಂತ ಕಾಣುತ್ತಿತ್ತು. ನಾನು ಪೆನ್ಸಿಲು ಕೆಳಗಿಟ್ಟೆ. ಪೆನ್ನು ತೆಗೆದುಕೊಂಡು ಸಹಿ ಮಾಡಿದೆ. ಜಾಗ ಖಾಲಿ ಬಿಟ್ಟೆ.

ಶನಿವಾರ ಮಧ್ಯಾಹ್ನ ಎಂಟೂ ದೃಶ್ಯಗಳನ್ನು ಗೋಡೆಯ ಮೇಲೆ ಹಾಕಿದರು. ನನ್ನದು ಮೂರನೆಯದು. ಚೆಂದವಾಗಿಯೇ ಶುರುವಾಯಿತು, ಮೂರು ಪದರದ ಮಳೆ. ಕೊನೆಯಲ್ಲಿ ಕ್ಯಾಮೆರಾ ಹಿಂದೆ ಸರಿಯಿತು. ಸರಿದಾಗ, ಮಾಡಿನ ಕೆಳಗೆ ಮಳೆ ಬೀಳದ ಹಂಗೆ ನಾನು ಹಾಕಿದ್ದ ಅಂಚು ಅದರ ಜೊತೆ ಸರಿಯಲಿಲ್ಲ. ತಗಡಿನ ಮಾಡು ಇದ್ದ ಹಂಗೇ ಇತ್ತು, ಅದರ ಕೆಳಗೆ ಮುದುಕಿಯ ತಲೆಯ ಮೇಲೆ ಮಳೆ ಸುರಿಯಿತು. ಕೋಣೆಯಲ್ಲಿ ಯಾರೋ ಕಿಸಕ್ಕನೆ ನಕ್ಕು ಬಾಯಿ ಮುಚ್ಚಿಕೊಂಡರು. ಅರ್ಧ ಸೆಕೆಂಡಿನ ತಪ್ಪು. ಅಕ್ಷತಾ ಒಮ್ಮೆ ನೋಡಿದ್ದರೆ ಹಿಡಿಯುತ್ತಿದ್ದಳು.

ನಿಶಿದಾ ಯಾರು ತೆಗೆದದ್ದು ಅಂತ ಕೇಳಲಿಲ್ಲ, ಯಾರು ನೋಡಿದ್ದು ಅಂತ ಕೇಳಿದರು. ನರೇಶ ಎದ್ದು ನಿಂತ, ಮುಖ ಸಣ್ಣದು ಮಾಡಿಕೊಂಡು. ನಾನು ಕೂತೇ ಇದ್ದೆ. ಇವತ್ತಿಗೂ ನೆನಪಾದರೆ ನನ್ನ ಕಿವಿ ಬಿಸಿಯಾಗುತ್ತದೆ.

ಅಕ್ಷತಾಳದು ಕೊನೆಗೆ. ಐದನೆಯ ಸೆಕೆಂಡು ಬಂತು, ದೀಪ ಸೊರಗಿತು. ನಾನು ಕುರ್ಚಿಯ ಅಂಚು ಹಿಡಿದು ನಿಶಿದಾ ಅವರ ಮುಖ ನೋಡಿದೆ. ಅವರು ಇನ್ನೊಮ್ಮೆ ಹಾಕಿಸಿದರು, ಮತ್ತೊಮ್ಮೆ ಹಾಕಿಸಿದರು. ಟವೆಲಿನಿಂದ ಮುಖ ಒರೆಸಿಕೊಂಡು, ಯಾರು ನೋಡಿದ್ದು ಅಂದರು. ನಾನು ಎದ್ದೆ. ಲಕೋಟೆಯ ಖಾಲಿ ಜಾಗವನ್ನು ತೋರಿಸಿ, ಇಲ್ಲಿ ಏನೂ ಬರೆಯದೇ ಇರುವುದಕ್ಕೆ ದೊಡ್ಡ ಕಣ್ಣು ಬೇಕು ಅಂದರು. ಅಂದು, ನಡು ಬಾಗಿಸಿ ನನಗೆ ನಮಸ್ಕಾರ ಮಾಡಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ಪಾಪ ನರೇಶ ಎಲ್ಲರಿಗಿಂತ ಜೋರಾಗಿ ತಟ್ಟಿದ.

ಹೋದವಳು ಅಕ್ಷತಾ. ಆ ಸಲವೂ ಶಂಶಾಬಾದಿಗೆ ಬಿಡಲು ನಾನೇ ಹೋಗಿದ್ದೆ, ಹೋಗದಿದ್ದರೆ ಜನ ಏನಂದಾರು ಅಂತ. ಗೇಟಿನ ಬಳಿ ನನ್ನ ಕಾಲು ಮುಟ್ಟಿದಳು. "ನೀವು ತಪ್ಪು ಅಂತ ಬರ್ದಿದ್ರೆ ನಾನು ತೆಗ್ದುಬಿಡ್ತಿದ್ದೆ ಸರ್. ನೀವು ಬಿಟ್ರಿ ಅಂತ ಬಿಟ್ಟೆ." ಹೋಗಿ ಬಾರವ್ವ ಅಂದೆ.

ಎರಡು ವರ್ಷಕ್ಕೆ ಹೋದವಳು ಅಲ್ಲೇ ಉಳಿದಳು. ಬೊಂಬೆಚಿತ್ರ ಮುಗಿದ ಮೇಲೆ ಓಡುವ ಹೆಸರುಗಳ ಪಟ್ಟಿಯಲ್ಲಿ ಅವಳ ಹೆಸರು ಮೊದಲು ಕೆಳಗಿನಿಂದ ಮೂರನೆಯದಿತ್ತು. ಅಬಿಡ್ಸಿನಲ್ಲಿ ಕೊಂಡ ಆ ಪುಸ್ತಕದಿಂದ ನನಗೆ ಬಂದದ್ದು ಇಷ್ಟೇ, ಅವಳ ಹೆಸರು ಜಪಾನಿ ಅಕ್ಷರದಲ್ಲಿ ಹೆಂಗೆ ಕಾಣುತ್ತದೆ ಅನ್ನುವುದು. ಫೋನಿನಲ್ಲಿ ಪಟ್ಟಿ ಓಡುವಾಗ ಗಕ್ಕನೆ ನಿಲ್ಲಿಸಿ ಹುಡುಕುತ್ತಿದ್ದೆ. ವರ್ಷಕ್ಕೆ ಸ್ವಲ್ಪ ಸ್ವಲ್ಪ ಮೇಲೆ ಏರಿತು. ಒಂದು ವರ್ಷ ಒಂದಿಡೀ ಸರಣಿಗೆ ಅವಳೇ ಛಾಯಾಗ್ರಾಹಕಿ. ಹೋದ ವರ್ಷ ನಿಜವಾದ ಕ್ಯಾಮೆರಾ ಹಿಡಿದು ಮನುಷ್ಯರ ಸಿನಿಮಾನೂ ತೆಗೆದಳು, ನಿಶಿದಾ ನಡೆದ ದಾರಿಯಲ್ಲೇ. ಪ್ರತಿ ಸಲವೂ ನಾನು ಅಭಿನಂದನೆ ಬರೆದು ಕಳಿಸಿದೆ. ಪ್ರತಿ ಸಲವೂ ಆ ರಾತ್ರಿಯ ಊಟ ನನಗೆ ರುಚಿಸಲಿಲ್ಲ.

ಈಗ ನಮ್ಮ ಸ್ಟುಡಿಯೋ ಗಾಜಿನ ಕಟ್ಟಡವೊಂದರ ಆರನೆಯ ಮಹಡಿಯಲ್ಲಿದೆ. ನಾನು ಹೊಸಬರಿಗೆ ಕಲಿಸುತ್ತೇನೆ. ಆರು ದಿನದ ಹಿಂದೆ ಅಕ್ಷತಾ ಬಂದು ಆ ಹೊಸಬರ ಮುಂದೆ ಮಾತಾಡಿದಳು. ದೀಪ ಸೊರಗಿದ ಕಥೆ ಹೇಳಿದಳು. ಬೇರೆ ಯಾರಾದರೂ ಆಗಿದ್ದರೆ ತಪ್ಪು ಅಂತ ಬರೆಯುತ್ತಿದ್ದರು, ಶರಣಪ್ಪ ಸರ್ ಬರೆಯಲಿಲ್ಲ, ತಾವೂ ಅದೇ ಸ್ಪರ್ಧೆಯಲ್ಲಿದ್ದು ಬರೆಯಲಿಲ್ಲ, ಆ ಖಾಲಿ ಜಾಗದಿಂದಲೇ ನಾನು ಇವತ್ತು ಇಲ್ಲಿದ್ದೇನೆ ಅಂದಳು. ಹೊಸಬರೆಲ್ಲ ತಿರುಗಿ ನನ್ನನ್ನು ನೋಡಿದರು. ಆಮೇಲೆ ಆ ಲಕೋಟೆಯನ್ನೇ ನನ್ನ ಕೈಗಿಟ್ಟಳು. ನಿಶಿದಾ ಕೆಲಸದಿಂದ ನಿವೃತ್ತರಾಗುವಾಗ ಅವಳಿಗೆ ಕೊಟ್ಟಿದ್ದರಂತೆ. ಆ ಖಾಲಿ ಜಾಗದಲ್ಲಿ ಈಗಲಾದರೂ ನಿಮ್ಮ ಕೈಯಿಂದ ಏನಾದರೂ ಬರೆದು ಕೊಡಿ ಅಂದಳು.

ಜಗತ್ತಿನಲ್ಲಿ ಒಂದು ಹೊಟ್ಟೆಕಿಚ್ಚಿಗೆ ಮಾತ್ರ ನಾನು ತಯಾರಿರಲಿಲ್ಲ. ಅವಳ ಕಥೆಯೊಳಗೆ ಒಬ್ಬ ಸರ್ ಇದ್ದನಲ್ಲ, ತನ್ನ ಗೆಲುವನ್ನು ಬದಿಗಿಟ್ಟು ಇನ್ನೊಬ್ಬಳ ದೀಪ ಕಂಡವ, ಅವನ ಮೇಲೆ ಬಂತು ನನಗೆ. ಅವನ ಹೆಸರೂ ಶರಣಪ್ಪನೇ. ಅವನಿಗೆ ಬಂದ ಚಪ್ಪಾಳೆ ನಾನು ಕೂತು ಕೇಳಬೇಕಾಯಿತು.

ಮೊನ್ನೆ ಖಾರ ಕಟ್ಟಿಸಿಕೊಂಡು ಶಂಶಾಬಾದಿಗೆ ಹೋಗುವಾಗ ಟ್ಯಾಕ್ಸಿ ಆರಾಂಘರ್ ಬಳಿ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡಿತು. ಲಕೋಟೆ ತೆಗೆದು ತೊಡೆಯ ಮೇಲಿಟ್ಟುಕೊಂಡು ಕೆಂಪು ಪೆನ್ಸಿಲಿನಲ್ಲಿ ಬರೆದೆ. "ತಪ್ಪು ಅಂತ ತಿಳಿದಿದ್ದೆ. ನೀನು ಸೋಲಲಿ ಅಂತ ಸುಮ್ಮನಿದ್ದೆ."

ಅವಳು ವಿಮಾನ ನಿಲ್ದಾಣದ ಬಾಗಿಲ ಬಳಿ ನಿಂತೇ ಓದಿದಳು. ಎರಡು ಸಲ ಓದಿದಳು. ಸಾಮಾನಿನ ಗಾಡಿಗಳು ಎರಡೂ ಕಡೆಯಿಂದ ಹಾದು ಹೋದವು.

"ಏನು ತಪ್ಪು ಕಂಡಿತ್ತು ಸರ್ ನಿಮ್ಗೆ?"

"ದೀಪ ನಡುವ ಹಂಗ ಸೊರಗಬಾರದಿತ್ತಲ್ಲ. ಬೆಳಕಿನ ಪದರ ಬಿಟ್ಟೀದಿ ಅಂತ ತಿಳ್ಕೊಂಡೆ."

ಅವಳು ನನ್ನನ್ನು ನೋಡಿದ ರೀತಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ನನಗೆ ಹಗುರವಾಗುತ್ತಿತ್ತು.

"ಅದು ನಮ್ಮ ಗೇಟಿನ ದೀಪ ಸರ್. ಮಸಾಲೆಯವ್ರ ಮೋಟರು ಸ್ಟಾರ್ಟ್ ಆದ್ರೆ ಎರಡು ಸಲ ಸೊರಗ್ತಿತ್ತು. ನಿಶಿದಾ ಸಾನ್ ಸಹ ನೋಡಿದ್ರು. ನೀವು ಆರು ವರ್ಷ ಅದ್ರ ಕೆಳಗೆ ಸ್ಕೂಟರ್ ನಿಲ್ಸಿದ್ದೀರಿ."

ಅವಳು ಲಕೋಟೆಯನ್ನು ಮಡಚದೆ ಚೀಲದೊಳಗೆ ಇಟ್ಟುಕೊಂಡಳು. ಖಾರದ ಪೊಟ್ಟಣವನ್ನೂ ಇಸಿದುಕೊಂಡಳು. ಈ ಸಲ ಕಾಲು ಮುಟ್ಟಲಿಲ್ಲ. ಒಳಗೆ ಹೋಗುವ ಮೊದಲು, ಆವತ್ತು ನಿಮ್ಮ ತಪ್ಪಿಗೆ ಎದ್ದು ನಿಂತ ನರೇಶಣ್ಣನಿಗೆ ಇದನ್ನು ಹೇಳಿದ್ದೀರಾ ಸರ್ ಅಂತ ಕೇಳಿದಳು. ಇಲ್ಲ ಅಂದೆ. ಹೇಳಿ, ಅಂದು ಹೊರಟಳು.

ನಿನ್ನೆ ಸಂಜೆ ನಾಚಾರಂಗೆ ಹೋದೆ. ನಮ್ಮ ಶೆಡ್ಡು ಈಗ ಯಾರದೋ ಗೋದಾಮು. ಮಸಾಲೆ ಕಾರ್ಖಾನೆ ಇದೆ, ಗೇಟಿನ ಕಂಬವೂ ಇದೆ, ದೀಪ ಮಾತ್ರ ಹೊಸದು, ಬಿಳಿ ಬೆಳಕಿನದು. ಜಿನುಗು ಮಳೆ ಹತ್ತಿತ್ತು. ಎದುರು ಚಹಾದ ಬಂಡಿಯ ಬಳಿ ನಿಂತೆ. ಆರು ದಾಟಿದ ಮೇಲೆ ಮೋಟರು ಚಾಲೂ ಆಯಿತು, ಕಾಲ ಕೆಳಗೆ ನೆಲ ಗುಡುಗಿತು, ಖಾರದ ಘಾಟು ಬಂತು. ದೀಪ ಒಮ್ಮೆ ಸೊರಗಿ ಹತ್ತಿತು. ಇನ್ನೊಮ್ಮೆ ಸೊರಗಿ ಹತ್ತಿತು. ಸೊರಗಿದಾಗ ಅದರ ಸುತ್ತಲಿನ ಮಳೆಯೂ ಇಲ್ಲವಾಗಿ, ಹತ್ತಿದಾಗ ಮಳೆಯೂ ತಿರುಗಿ ಬರುತ್ತಿತ್ತು.

ಭಾಳ ಚೆಂದ ಇತ್ತು. ಅಷ್ಟು ಚೆಂದದ್ದನ್ನು ಅವಳು ನನಗಿಂತ ಹನ್ನೊಂದು ವರ್ಷ ಮೊದಲೇ ನೋಡಿದ್ದಾಳೆ ಅಂತ ಹೊಟ್ಟೆ ಉರಿಯಿತು. ಜೇಬಿನಿಂದ ಫೋನು ತೆಗೆದು ನರೇಶನಿಗೆ ಹಚ್ಚಿದೆ.